ಹನ್ನೆರಡನೆಯ ಬಾವುಟದ ಗೂಟ

ಹೊಸ ಅಂಗಿ ತೊಟ್ಟು ಗುಂಡಿ ಹಾಕಿಕೊಳ್ಳಲು ಹೋದ ಬೀಗ ರಿಪೇರಿಯವನ ಬೆರಳು ತಡವರಿಸಿತು. ಗುಂಡಿಗಳು ಇರಬೇಕಾದ ಕಡೆ ಕಾಜಾ ಇತ್ತು, ಕಾಜಾ ಇರಬೇಕಾದ ಕಡೆ ಗುಂಡಿಗಳಿದ್ದವು.

“ಏನೇ ಇದು? ನಿನ್ನ ಅಳತೆಗೆ ಹೊಲ್ಕೊಂಡು ನಂಗೆ ಕೊಟ್ಟಿದೀಯಾ?” ಎಂದು ಅವನು ಅಡುಗೆಮನೆಯತ್ತ ಕೂಗಿದ. “ದೇಶಕ್ಕೆಲ್ಲ ಬಾವುಟ ಹೊಲಿಯೋಳ ಗಂಡನಿಗೆ ಉಲ್ಟಾ ಅಂಗಿ!”

ಹೆಂಡತಿ ಕೈ ಒರೆಸಿಕೊಳ್ಳುತ್ತ ನಗುತ್ತಲೇ ಬಂದಳು. ಅಂಗಿಯ ಅಂಚು ಹಿಡಿದು ನೋಡಿದಳು. ನಗು ಅರ್ಧಕ್ಕೇ ನಿಂತಿತು.

“ಇದನ್ನ ಯಾವತ್ತು ಹೊಲಿದೆ ನಾನು?”

“ನಂಗೇನು ಗೊತ್ತು? ಸೂರು ರಿಪೇರಿ, ಮೆಷಿನ್ ತಿರುಗಿಸಿಟ್ಟಿದ್ರು ಅಂತ ಗೊಣಗ್ತಿದ್ದೆಯಲ್ಲ, ಅವತ್ತು ನೀನೇ ತಂದ್ಕೊಟ್ಟೆ.”

ಅವಳು ತಟ್ಟನೆ ಗೋಡೆಯ ಕಡೆ ತಿರುಗಿದಳು. ಗಡಿಯಾರ ಏಳು ಗಂಟೆ ಐದು ನಿಮಿಷ ತೋರಿಸುತ್ತಿತ್ತು. ಎಂಟಕ್ಕೆ ನಗರಸಭೆಯ ಮುಂದೆ ಧ್ವಜಾರೋಹಣ.

ಇಪ್ಪತ್ತೆರಡು ವರ್ಷಗಳಿಂದ ಅವಳು ಬಾವುಟದ ಕಾರ್ಖಾನೆಯಲ್ಲಿ ಹೊಲಿಯುತ್ತಿದ್ದಳು. ಕೈಗೆ ಬಂದ ಕೆಲಸ ಒಂದೇ, ಕೊನೆಯ ಕೆಲಸ. ಬಾವುಟದ ಕಂಬದ ಕಡೆಯ ಅಂಚಿಗೆ ದಪ್ಪ ಬಟ್ಟೆಯ ನಾಳ ಹೊಲಿದು, ಪಾಯಜಾಮಕ್ಕೆ ಲಾಡಿ ತೂರಿಸಿದಂತೆ ಅದರೊಳಗೆ ಹಗ್ಗ ತೂರಿಸಿ, ಎರಡೂ ಬಾಯಿ ಬಿಗಿಯುವುದು. ಹಗ್ಗದ ಒಂದು ತುದಿಗೆ ಬೆರಳುದ್ದದ ಮರದ ಗೂಟ, ಇನ್ನೊಂದಕ್ಕೆ ಕುಣಿಕೆ. ಗೂಟ ಇರುವ ತುದಿ ಮೇಲೆ. ಬಾವುಟ ಏರಿಸುವವನು ಬಣ್ಣ ನೋಡುವುದಿಲ್ಲ, ಗೂಟ ನೋಡುತ್ತಾನೆ. ದೊಡ್ಡ ಕಚೇರಿಗಳಿಗೆ ಬಾವುಟ ಮಡಿಸಿ, ಜಾರುಗಂಟು ಹಾಕಿ, ನಂಬರು ಬರೆದ ಮೊಹರಿನ ಚೀಟಿ ಅಂಟಿಸಿಯೇ ಹೋಗುತ್ತದೆ. ಮೇಲಿರಬೇಕಾದ ಕಡುಬಣ್ಣದ ಪಟ್ಟಿ ಹೊರಗೆ ಬರುವಂತೆ ಮಡಿಸುವುದರಿಂದ, ಕಟ್ಟು ನೋಡಿದರೆ ಒಳಗಿನ ತಪ್ಪು ಬ್ರಹ್ಮನಿಗೂ ತಿಳಿಯದು.

ಅವಳ ಕೈಗೆ ಒಂದೇ ಲೆಕ್ಕ ಗೊತ್ತಿತ್ತು: ಗೂಟ ಕಿಟಕಿಯ ಕಡೆಗೆ. ಸೂರಿನ ರಿಪೇರಿಯ ದಿನ ಊಟದ ಬಿಡುವಿನಲ್ಲಿ ಮೆಷಿನ್ನುಗಳನ್ನೆಲ್ಲ ಎದುರು ಗೋಡೆಗೆ ತಿರುಗಿಸಿದ್ದರು. ಬಲಕ್ಕಿದ್ದ ಕಿಟಕಿ ಎಡಕ್ಕೆ ಬಂದಿತ್ತು. ಕೈ ಮಾತ್ರ ಕಿಟಕಿಯನ್ನೇ ನಂಬಿತ್ತು. ತಿರುಗಿಸಿದ ಮೇಲೆ ಅವಳು ಹೊಲಿದದ್ದು ಎರಡೇ: ಗಂಡನ ಅಂಗಿಯ ಗುಂಡಿಪಟ್ಟಿ, ಮತ್ತು ಆ ಸಲದ ಕಂತಿನ ಹನ್ನೆರಡನೆಯ ಬಾವುಟ, ದೊಡ್ಡ ಅಳತೆಯದು. ಕಂತಿನಲ್ಲಿದ್ದ ಆರು ದೊಡ್ಡ ಬಾವುಟಗಳಲ್ಲಿ ಒಂದು ನಗರಸಭೆಗೆ ಹೋಗಿತ್ತು. ಯಾವ ನಂಬರಿನದೋ ಅವಳಿಗೆ ತಿಳಿಯದು. ಉಳಿದ ಐದು ಇನ್ನೂ ಕಾರ್ಖಾನೆಯ ಕಪಾಟಿನಲ್ಲಿದ್ದವು, ಕಪಾಟಿನ ಬೀಗದ ಕೈ ರಜೆಯಲ್ಲಿದ್ದ ಮೇಲ್ವಿಚಾರಕಿಯ ಸೊಂಟದಲ್ಲಿತ್ತು. ಗಂಡನಿಂದ ಬೀಗ ಬಿಚ್ಚಿಸಿ ನೋಡುವಷ್ಟು ಹೊತ್ತೂ ಇರಲಿಲ್ಲ.

“ಸ್ಕೂಟರ್ ತೆಗೀರಿ,” ಎಂದಳು. ಹೊಲಿಗೆ ಬಿಚ್ಚುವ ಬ್ಲೇಡು, ಸೂಜಿ, ದಾರದ ಉಂಡೆ ಸೆರಗಿಗೆ ಗಂಟು ಹಾಕಿಕೊಂಡಿದ್ದಳು.

ಅವಳ ಅತ್ತೆಯೂ ಹೊಲಿಯುವವಳೇ. ದೇಶ ಸ್ವತಂತ್ರವಾದ ದಿನ ಈ ಊರಿನ ಮೊದಲ ಬಾವುಟ ಹೊಲಿದವಳು ಆಕೆ. ಮಾದರಿ ಇರಲಿಲ್ಲ, ಪತ್ರಿಕೆಯ ಚಿತ್ರ ಕಪ್ಪು-ಬಿಳುಪು. ಕಿಟಕಿಯ ಪರದೆ ಒಂದು ಪಟ್ಟಿಯಾಯಿತು, ಯಾರದೋ ಕೋಟಿನ ಅಸ್ತರಿ ಇನ್ನೊಂದಾಯಿತು. ಅರ್ಧ ದಿನ ಅದು ತಲೆಕೆಳಗಾಗಿಯೇ ಹಾರಾಡಿತು. “ಒಬ್ಬರಿಗೂ ಗೊತ್ತಾಗ್ಲಿಲ್ಲ ಕಣೇ, ಎಲ್ಲಾ ಗೊಳೋ ಅಂತ ಅಳ್ತಿದ್ರು ಸಂತೋಷಕ್ಕೆ,” ಎಂದು ಅತ್ತೆ ಸಾಯುವವರೆಗೂ ನಗುತ್ತಿದ್ದಳು. ಆಮೇಲೆ ನಿಯಮಗಳು ಬಂದವು. ಅಗಲ ಎರಡಿದ್ದರೆ ಉದ್ದ ಮೂರು. ಹರಿದದ್ದು ಏರಿಸಕೂಡದು. ನೆಲಕ್ಕೆ ತಾಗಕೂಡದು. ತಲೆಕೆಳಗು ಮಾಡಿದವನಿಗೆ ಶಿಕ್ಷೆ. ಎರಡು ವರ್ಷದ ಹಿಂದೆ ಪಕ್ಕದ ಊರಿನ ಶಾಲೆಯ ಜವಾನನೊಬ್ಬ ಅದಕ್ಕೇ ಕೆಲಸ ಕಳೆದುಕೊಂಡಿದ್ದ.

ಇಲ್ಲಿ ಏರಿಸುವವನು ಕಂಬದಜ್ಜ. ಮೂವತ್ತೊಂದು ವರ್ಷದಿಂದ ನಗರಸಭೆಯ ಕಂಬ ಅವನದೇ, ನಿವೃತ್ತಿಗೆ ಇನ್ನೆರಡು ತಿಂಗಳು. ಬಾವುಟ ಒಯ್ಯಲು ಕಾರ್ಖಾನೆಗೆ ಬಂದಾಗಲೆಲ್ಲ, “ನಿನ್ನ ಗೂಟ ನಂಬಿ ಬದುಕಿದೀನಿ ತಾಯಿ,” ಎನ್ನುತ್ತಿದ್ದ.

ಮುಖ್ಯರಸ್ತೆಗೆ ಅಡ್ಡಗಟ್ಟೆ ಹಾಕಿದ್ದರು. ಬೀಗದವನು ಸ್ಕೂಟರ್ ನಿಲ್ಲಿಸುವಷ್ಟರಲ್ಲಿ ಅವಳು ಇಳಿದು ಓಡುತ್ತಿದ್ದಳು. ಚಪ್ಪಲಿಯ ಬಾರು ಕಿತ್ತಿತು. ಎರಡನ್ನೂ ಅಲ್ಲೇ ಬಿಟ್ಟಳು. ನಗರಸಭೆಯ ಗೇಟಿನಲ್ಲಿ ಪೇದೆ ಕೈ ಅಡ್ಡ ಹಿಡಿದ. “ಪಾಸ್ ಎಲ್ಲಮ್ಮಾ?”

“ಬಾವುಟದ ಕಾರ್ಖಾನೆಯೋಳು. ಕಂಬದಜ್ಜನ್ನ ಕರೀರಿ, ಇಲ್ಲಾಂದ್ರೆ ನಾನೇ ಇಲ್ಲಿಂದ ಕೂಗ್ತೀನಿ.”

ಕಂಬದಜ್ಜ ಇಸ್ತ್ರಿಯ ಸಮವಸ್ತ್ರದಲ್ಲಿ ಬಂದ. ಏಳೂವರೆ ಆಗಿತ್ತು. ಅವನ ಹಿಂದೆ ಬಾವುಟದ ಕಟ್ಟು ಆಗಲೇ ಕಂಬದ ತುದಿಯಲ್ಲಿ, ಮುದುಡಿದ ಹಕ್ಕಿಯಂತೆ ಕೂತಿತ್ತು. ಅವಳು ಉಸಿರು ಬಿಡದೆ ಹೇಳಿದಳು. ಅಜ್ಜನ ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ.

“ಇಳಿಸು ಅಂತೀಯಾ? ಇಷ್ಟು ಜನದ ಮುಂದೆ? ಇಳಿಸೋವಾಗ ಜಾರುಗಂಟು ಬಿಚ್ಚಿಕೊಂಡ್ರೆ?”

“ಬಿಚ್ಚಿಕೊಂಡ್ರೆ ನಂದು ತಪ್ಪು.”

“ನಿಂದಲ್ಲ. ಹಗ್ಗ ಹಿಡಿದವನದು. ತಲೆ ಹೋಗೋದು ನಂದು, ಇಳಿಸಿದ್ರೂ, ಇಳಿಸದಿದ್ರೂ.” ಅವನು ಸ್ವರ ತಗ್ಗಿಸಿದ. “ಇದೇ ಬಾವುಟ ಅಂತ ಗ್ಯಾರಂಟಿಯಾ?”

ಗ್ಯಾರಂಟಿ ಅವಳಲ್ಲಿರಲಿಲ್ಲ. ಆರರಲ್ಲಿ ಒಂದು. “ಮೊಹರಿನ ಚೀಟಿ ಇದೆಯಾ ಅಜ್ಜಾ?”

ಅವನು ಜೇಬಿಗೆ ಕೈ ಹಾಕಿದ. ಮೊದಲು ಕರವಸ್ತ್ರ ಬಂತು, ಆಮೇಲೆ ಕನ್ನಡಕದ ಡಬ್ಬಿ, ಕೊನೆಗೆ ನಾಲ್ಕಾಗಿ ಮಡಿಸಿದ ಚೀಟಿ. ಕನ್ನಡಕ ಏರಿಸಿ ಓದಿದ. ಚೀಟಿಯನ್ನು ಅವಳ ಕಡೆ ತಿರುಗಿಸಿದ.

ಹನ್ನೆರಡು.

ಅಜ್ಜ ಕಂಬದ ಬಳಿ ಹೋಗಿ ಹಗ್ಗ ಸಡಿಲಿಸಿದ. ತುತ್ತೂರಿ ಒರೆಸುತ್ತಿದ್ದ ಬ್ಯಾಂಡಿನವರು ನೋಡಿದರು. “ಏನಜ್ಜಾ, ಹೋಗೋ ಕಾಲಕ್ಕೆ ಕಂಬ ಮರೆತುಹೋಯ್ತಾ?” ಎಂದು ಒಬ್ಬ ಚುಚ್ಚಿದ. ಅಜ್ಜ ಕಟ್ಟಿನ ಮೇಲೆ ಕಣ್ಣಿಟ್ಟು ಮೊಳ ಮೊಳವಾಗಿ, ಮಲಗಿದ ಮಗುವನ್ನು ಇಳಿಸುವಂತೆ ಇಳಿಸಿದ. ಗಂಟು ಹಿಡಿದಿತ್ತು.

ಮೆಟ್ಟಿಲ ಕೆಳಗಿನ ಅವನ ಕೋಣೆಯಲ್ಲಿ ಪೊರಕೆ, ಬಕೆಟ್ಟು, ಒಂದು ಸ್ಟೂಲು. ಹಾಸಲು ಜಾಗವಿರಲಿಲ್ಲ. ಅಜ್ಜ ಎರಡೂ ತೋಳು ಚಾಚಿ ನಿಂತ. ಅವಳು ಬಾವುಟವನ್ನು ಆ ತೋಳುಗಳ ಮೇಲೆ ಬಿಡಿಸಿದಳು. ಗೂಟದ ತುದಿಯಲ್ಲಿ ತಿಳಿಬಣ್ಣದ ಪಟ್ಟಿ ಇತ್ತು. ಕೆಳಗಿರಬೇಕಾದ ಪಟ್ಟಿ.

ಬ್ಲೇಡಿನಿಂದ ನಾಳದ ಎರಡೂ ಬಾಯಿ ಬಿಚ್ಚಿದಳು. ಹಗ್ಗ ಎಳೆದಳು; ನಡುವೆ ಸಿಕ್ಕಿಕೊಂಡಿತು. ಜಗ್ಗಿದರೆ ಬಟ್ಟೆ ಹರಿಯುತ್ತದೆ, ಹರಿದದ್ದು ಏರಿಸುವಂತಿಲ್ಲ. ಬೆರಳಿನಿಂದ ಹೊರಗಿನಿಂದಲೇ ಒತ್ತುತ್ತ ಒತ್ತುತ್ತ ಬಿಡಿಸಿದಳು. ಅಜ್ಜನ ತೋಳು ಮೆಲ್ಲಗೆ ಕೆಳಗಿಳಿಯತೊಡಗಿತು.

“ನೆಲಕ್ಕೆ ತಾಗೀತು, ಅಜ್ಜಾ.”

“ನನ್ನ ತೋಳು ನಾನು ನೋಡ್ಕೋತೀನಿ, ನಿನ್ನ ಸೂಜಿ ನೀನು ನೋಡ್ಕೋ.”

ಹಗ್ಗ ತಿರುಗಿಸಿ ತೂರಿಸಿ, ಗೂಟವನ್ನು ಕಡುಬಣ್ಣದ ಕಡೆಗೆ ತಂದಳು. ಈ ಸಲ ಕಿಟಕಿ ಎಲ್ಲಿದೆಯೆಂದು ನೋಡಲಿಲ್ಲ. ಆ ಕೋಣೆಗೆ ಕಿಟಕಿಯೇ ಇರಲಿಲ್ಲ. ಒಂದೊಂದು ಬಾಯಿಗೂ ಒಂಬತ್ತು ಹೊಲಿಗೆ, ಹಲ್ಲಿನಿಂದ ದಾರ ಕಡಿದಳು. ಮಡಿಸುವಾಗ ಹೊರಗೆ ಬ್ಯಾಂಡಿನ ಮೊದಲ ಏಟು ಕೇಳಿತು.

ಬಾವುಟ ಬಿಡಿಸಲು ಬಂದ ಅತಿಥಿಯ ಕಾರಿನ ಬಾಗಿಲು ತೆರೆಯುವ ಹೊತ್ತಿಗೆ ಕಟ್ಟು ಕಂಬದ ತುದಿ ಮುಟ್ಟಿತು.

ಅವಳು ಗೇಟಿನ ಬಳಿ ಬರಿಗಾಲಲ್ಲಿ ನಿಂತಳು. ಮೇಲೆ ನೋಡುವ ಧೈರ್ಯ ಬರಲಿಲ್ಲ. ಜನರ ಮುಖ ನೋಡಿದಳು. ಹಗ್ಗ ಎಳೆದ ಸದ್ದು, ಬಟ್ಟೆ ಗಾಳಿಗೆ ಪಟಾರೆಂದ ಸದ್ದು. ಒಂದು ಮುಖವೂ ಬದಲಾಗಲಿಲ್ಲ. ಯಾರೋ ಆಕಳಿಸಿದರು. ಪೇದೆ ಸೆಲ್ಯೂಟ್ ಹೊಡೆದ. ಆಗ ಅವಳು ತಲೆಯೆತ್ತಿ ಮೇಲೆ ನೋಡಿದಳು.

ಸಮಾರಂಭ ಮುಗಿದ ಮೇಲೆ ಕಂಬದಜ್ಜ ಬಾವುಟ ಏರಿಸಿ ಇಳಿಸಿದ ಹೊತ್ತು ಬರೆಯುವ ಡೈರಿ ತೆರೆದ. “ಏಳು ಮೂವತ್ತಾರಕ್ಕೆ ಇಳಿಸಿದೆ ಅಂತ ಬರೀಲೇಬೇಕು. ಕಾರಣ ಏನಂತ ಬರೀಲಿ?”

ಅವಳು ಸೂಜಿ, ದಾರವನ್ನು ಮತ್ತೆ ಸೆರಗಿಗೆ ಗಂಟು ಹಾಕಿದಳು. “ಇದ್ದದ್ದನ್ನೇ ಬರೀರಿ. ಗೂಟ ತಪ್ಪು ತುದಿಗೆ ಬಂದಿತ್ತು, ಹೊಲಿದವಳೇ ಬಂದು ಸರಿಮಾಡಿದಳು ಅಂತ. ನಾಳೆ ಮೇಲ್ವಿಚಾರಕಿಗೆ ನಾನೇ ಹೇಳ್ತೀನಿ.”

ಹೇಳಿದಳು. ಒಂದು ವಾರ ಮೆಷಿನ್ನು ಮುಟ್ಟಲು ಬಿಡಲಿಲ್ಲ. ಕಪಾಟಿನ ಬಾವುಟಗಳನ್ನೆಲ್ಲ ಅವಳ ಕೈಯಲ್ಲೇ ಬಿಚ್ಚಿಸಿ ನೋಡಿಸಿದರು. ಎಲ್ಲವೂ ಸರಿಯಾಗಿದ್ದವು. ಎಂಟನೆಯ ದಿನ ತನ್ನ ಜಾಗಕ್ಕೆ ಮರಳಿದಾಗ ಅವಳು ಮೊದಲು ಮಾಡಿದ ಕೆಲಸವೆಂದರೆ ಮೆಷಿನ್ನಿನ ಹಲಗೆಯ ಬಲಕ್ಕೆ ಸುಣ್ಣದಿಂದ ಒಂದು ಗೂಟದ ಚಿತ್ರ ಬರೆದದ್ದು.

ಬೀಗದವನ ಅಂಗಿ ಮಾತ್ರ ಹಾಗೆಯೇ ಇದೆ. ಬಿಚ್ಚಿ ಸರಿಮಾಡಿಕೊಡುತ್ತೇನೆಂದರೆ ಅವನು ಕೊಡುವುದಿಲ್ಲ.