ಐದು ಬಾಟಲಿಗಳನ್ನು ಮುಚ್ಚಿಸಿದ್ದು

ಪೊರ್ಬುಗಳ ಕೈ ಕುಲುಕಿದರೆ ನಮ್ಮ ಕೈಯೂ ಅಂಟಾಗುತ್ತಿತ್ತು. ಅವರ ಬೆರಳ ಸಂದುಗಳಲ್ಲಿ ಸಕ್ಕರೆ ನೀರು ಒಣಗಿ ಬಿಳಿ ಗೆರೆಗಳಾಗಿರುತ್ತಿದ್ದವು. ಕೊಂಕಣಿ ಕ್ರೈಸ್ತರನ್ನು ನಮ್ಮ ಕರಾವಳಿಯಲ್ಲಿ ಕರೆಯುವ ಹಾಗೆಯೇ ಗಲ್ಫಿನ ಡಿಸ್ಕವರಿ ಗಾರ್ಡನ್ಸ್‌ನ ನಮ್ಮ ಕಟ್ಟಡದಲ್ಲೂ ಅವರನ್ನು ಗೌರವದಿಂದ ಪೊರ್ಬುಗಳು ಎಂದೇ ಕರೆಯುತ್ತಿದ್ದೆವು. ಇಪ್ಪತ್ತು ವರ್ಷ ಹೋಟೆಲಿನ ಅಡುಗೆಮನೆಯಲ್ಲಿ ದುಡಿದವರು, ಕೊನೆಗೆ ಜೆಬೆಲ್ ಅಲಿಯ ಆಚೆ ಒಂದು ಖಾಸಗಿ ಪಕ್ಷಿಮನೆಯಲ್ಲಿ ಹಮ್ಮಿಂಗ್‌ಬರ್ಡ್‌ಗಳಿಗೆ ಆಹಾರ ಕೊಡುವ ಕೆಲಸಕ್ಕೆ ಸೇರಿದ್ದರು. ಒಂದು ಪಾಲು ಸಕ್ಕರೆಗೆ ನಾಲ್ಕು ಪಾಲು ನೀರು. ರಜೆಯ ದಿನವೂ ಹೋಗಿ ಬಾಟಲಿಗಳನ್ನು ನೋಡಿ ಬರುತ್ತಿದ್ದರು.

ನಾನು ಅವರ ಎದುರು ಫ್ಲಾಟಿನವನು, ಪತ್ರಿಕೆಯ ವರದಿಗಾರ. ಈ ಹಕ್ಕಿಯ ವೇಗದ ಬಗ್ಗೆ ಬರೆಯಬೇಕೆಂದೆ. ನೇರ ಹಾರಿದರೆ ಗಂಟೆಗೆ ಸುಮಾರು ಐವತ್ತು ಕಿಲೋಮೀಟರ್, ರೆಕ್ಕೆ ಸೆಕೆಂಡಿಗೆ ಐವತ್ತು ಸಲ ಬಡಿಯುತ್ತದೆ, ಹಿಂದಕ್ಕೂ ಹಾರುತ್ತದೆ ಎಂದರು. ಅಂಗೈಯನ್ನು ಮಗುಚುತ್ತಾ ಗಾಳಿಯಲ್ಲಿ ಇಂಗ್ಲಿಷಿನ ಎಂಟನ್ನು ಅಡ್ಡಡ್ಡ ಬರೆದು, ರೆಕ್ಕೆ ಹೋಗುವಾಗಲೂ ಬರುವಾಗಲೂ ಮೈಯನ್ನು ಹೇಗೆ ಎತ್ತಿ ಹಿಡಿಯುತ್ತದೆಂದು ತೋರಿಸಿದರು.

"ಎಲ್ಲರೂ ಓಡುವುದನ್ನೇ ಕೇಳುವುದು ಮಾರಾಯ್ರೆ. ಗಾಳಿಯಲ್ಲಿ ನಿಲ್ಲುವುದುಂಟಲ್ಲ, ಅದೇ ಅದಕ್ಕೆ ಜೀವ ಹೋಗುವ ಕೆಲಸ. ಕಾಲು ಗಂಟೆಗೊಮ್ಮೆ ಹೊಟ್ಟೆಗೆ ಬೀಳ್ಬೇಕು."

ಅದನ್ನು ಶ್ರದ್ಧೆಯಿಂದ ಬರೆದುಕೊಂಡೆ.

ಪಕ್ಷಿಮನೆಗೆ ಹೋದ ದಿನ ಚಿತ್ರಕ್ಕೆ ಹಕ್ಕಿ ನನ್ನ ಕ್ಯಾಮೆರಾದ ಮುಂದೆಯೇ ನಿಲ್ಲಬೇಕಿತ್ತು. ಆರು ಬಾಟಲಿಗಳಲ್ಲಿ ಐದನ್ನು ಮುಚ್ಚಿ ಎಂದು ಕೇಳಿದವನು ನಾನು. ಅವರು ಹಿಂಜರಿದರು. ಆ ತಿಂಗಳು ಅವರ ವೀಸಾ ನವೀಕರಣಕ್ಕೆ ಬಂದಿತ್ತು. ಐವತ್ತೊಂಬತ್ತರಲ್ಲಿ ಬೇರೆ ಕೆಲಸ ಸಿಗುವಂತಿರಲಿಲ್ಲ. ವರದಿ ಚೆನ್ನಾಗಿ ಬಂದರೆ ಮ್ಯಾನೇಜರ್ ಖುಷಿಯಾಗುತ್ತಾರೆ ಎಂದು ಆಸೆ ತೋರಿಸಿದೆ. "ಹತ್ತು ನಿಮಿಷ. ಮತ್ತೆ ಖಲಾಸ್," ಎಂದು ಒಪ್ಪಿದರು.

ಉಳಿದ ಒಂದು ಬಾಟಲಿಯನ್ನು ಒಂದು ಗಂಡು ಹಕ್ಕಿ ತನ್ನದು ಮಾಡಿಕೊಂಡಿತು. ಹತ್ತಿರ ಬಂದವನ್ನೆಲ್ಲ ಅಟ್ಟಿತು. ನನಗೆ ಬೇಕಾದ ವೇಗ ಅದೇ. ಪೊರ್ಬುಗಳು ಎರಡು ಸಲ ಸಾಕು ಎಂದರು. ಇನ್ನೊಂದು ಚಿತ್ರ ಎಂದು ಎರಡು ಸಲವೂ ತಡೆದೆ. ಗಂಟೆ ದಾಟಿದ ಮೇಲೆ ಒಂದು ಹೆಣ್ಣು ಹಕ್ಕಿ ಕೊಂಬೆಯಿಂದ ಕೆಳಗೆ ಬಿತ್ತು. ಅವರು ಅದರ ಕೊಕ್ಕನ್ನು ಸಕ್ಕರೆ ನೀರಿಗೆ ಅದ್ದಿ ಬಹಳ ಹೊತ್ತು ಕೂತರು. ಅದು ಕುಡಿಯಲಿಲ್ಲ.

ಬಾಟಲಿ ಮುಚ್ಚಿದ್ದು ಯಾರು ಎಂದು ಮ್ಯಾನೇಜರ್ ಹಿಂದಿಯಲ್ಲಿ ಕೇಳಿದರು. "ಮೈನೇ, ಸಾಬ್," ಎಂದರು ಪೊರ್ಬುಗಳು. ನಾನು ಪಕ್ಕದಲ್ಲೇ ನಿಂತಿದ್ದೆ.

ಮನೆಗೆ ಬರುವ ದಾರಿಯಲ್ಲಿ ಒಂದೇ ಮಾತು ಆಡಿದರು. "ನೀವು ಹೇಳ್ತೀರಿ ಅಂತ ಕಾದೆ."

ವರದಿ ಅವರ ಹೆಸರಿನೊಂದಿಗೆ, ದೊಡ್ಡ ಚಿತ್ರದೊಂದಿಗೆ ಪ್ರಕಟವಾಯಿತು. ಅಂಕಿಗಳೆಲ್ಲ ಸರಿಯಾಗಿದ್ದವು. ಸತ್ತ ಹಕ್ಕಿಯ ಸುದ್ದಿ ಅದರಲ್ಲಿರಲಿಲ್ಲ. ವೀಸಾ ನವೀಕರಣವಾಗಲಿಲ್ಲ. ಅವರು ಊರಿಗೆ ಹೋದರು. ವರ್ಷ ತುಂಬುವ ಮೊದಲೇ ಹೃದಯಾಘಾತದಿಂದ ತೀರಿಕೊಂಡರು.

ಅವರ ಹೆಂಡತಿ ಬಾಯಮ್ಮನಿಗೆ ಫೋನ್ ಮಾಡಿದೆ. ಮನೆಯಲ್ಲಿ ಅವರು ಏನನ್ನೂ ಹೇಳಿರಲಿಲ್ಲ. ವಯಸ್ಸಾಯಿತೆಂದು ಕಂಪನಿಯವರು ಕಳಿಸಿದರು ಎಂದಷ್ಟೇ ಆಕೆಗೆ ಗೊತ್ತು.

"ಅಷ್ಟು ವರ್ಷ ದುಡಿದದ್ದಕ್ಕೆ ಪೇಪರಿನಲ್ಲಿ ಒಂದು ಹೆಸರಾದರೂ ಬಂತು. ಅದು ನಿಮ್ಮಿಂದ. ದೇವರು ನಿಮಗೆ ಒಳ್ಳೇದು ಮಾಡ್ಲಿ," ಎಂದರು.

ಇರಲಿ ಬಾಯಮ್ಮ, ಎಂದೆ.