ಯಾವ ಎಪಿಸೋಡಿನಲ್ಲಿ ಬಾಯಿ ಬಂತು?

ಗೆಳೆಯರೇ, ಇವತ್ತು ಬೆಳಿಗ್ಗೆ ಕಾಪುವಿನ ನಮ್ಮ ನೆರೆಮನೆಯಲ್ಲಿ ಗಂಭೀರ ವಿಚಾರಣೆಯೊಂದು ನಡೆಯಿತು. ನಿನ್ನೆಯಷ್ಟೇ ದುಬೈಯಿಂದ ಬಂದ ಹಮೀದರು ಟಿವಿಯ ಹಾಸ್ಯ ಧಾರಾವಾಹಿ ನೋಡಿ ಕಂಗಾಲಾಗಿದ್ದರು. ಎಂಟು ಸೀಸನ್ ಕಂಡ ಅದನ್ನು ಅವರು ವರ್ಷಕ್ಕೊಮ್ಮೆ, ರಜೆಯ ಒಂದು ತಿಂಗಳು ಮಾತ್ರ ನೋಡುವವರು.

“ಈ ಪಾಪದ ಸೊಸೆ ಈಗ ಅತ್ತೆಗೇ ಜೋರು ಮಾಡ್ತಾಳಲ್ಲ! ಯಾವ ಎಪಿಸೋಡಿನಲ್ಲಿ ಇವಳಿಗೆ ಬಾಯಿ ಬಂತು ಮಾರಾಯ್ತಿ?”

“ಒಂದೇ ದಿನಕ್ಕೆ ಬಂದದ್ದಲ್ಲ. ದಿನಾ ನೋಡುವವರಿಗೆ ಗೊತ್ತುಂಟು,” ಎಂದ ಹೆಂಡತಿ ಜುಬೈದಾ ಸ್ಕೂಟರಿನ ಕೀ ಎತ್ತಿಕೊಂಡರು. “ಏಳಿ, ಮೀನಿಗೆ ಹೋಗುವ.”

“ನಿನಗೆ ಸ್ಕೂಟರ್ ಬಿಡ್ಲಿಕ್ಕೆ ಬರ್ತದಾ? ಫೋನಿನಲ್ಲಿ ಹೇಳಲೇ ಇಲ್ಲ!”

“ನೀವು ಕೇಳಿದ್ದು ಊಟ ಆಯ್ತಾ ಅಂತ ಮಾತ್ರ, ಅಲ್ವಾ?”

ಹಮೀದರು ಹೆಂಡತಿಯ ಭುಜ ಹಿಡಿದು ಹಿಂದಿನ ಸೀಟಿನಲ್ಲಿ ಕುಳಿತರು. ನೋಡದೆ ಬಿಟ್ಟ ಕಂತುಗಳ ಕಥೆ ಕೇಳಲು ಅವರಿಗೆ ಮೀನು ಮಾರ್ಕೆಟ್ಟಿನ ತನಕ ಸಮಯ ಉಂಟು.