ತವನಪ್ಪ ಮಾಸ್ತರನ ಕೊನೆಯ ವನ್ಸ್ ಮೋರ್

ಖಾನಾಪುರದ ತವನಪ್ಪ ಮಾಸ್ತರನಂಥ ಪೇಟಿಗಾರನನ್ನು ನಾನು ನೋಡಿಲ್ಲ. ಅವನಷ್ಟು ಕೃತಘ್ನನನ್ನೂ ನೋಡಿಲ್ಲ. ಹನ್ನೊಂದು ವರ್ಷ ನನ್ನ ನಾಟಕ ಕಂಪನಿಯಲ್ಲಿದ್ದ. ನಾನೇ ಮಾಲೀಕ, ನಾನೇ ಹಾಡುವ ನಾಯಕ. ನನ್ನ ಉಸಿರು ಎಲ್ಲಿ ನಿಲ್ಲುತ್ತದೆಂದು ನನಗಿಂತ ಮೊದಲು ಅವನ ಹಾರ್ಮೋನಿಯಂ ಪೇಟಿಗೆ ಗೊತ್ತಾಗುತ್ತಿತ್ತು. ಜನ ‘ವನ್ಸ್ ಮೋರ್’ ಎಂದು ಕೂಗಿದರೆ ಸಾಕು, ಕಣ್ಣು ಮಿಟುಕಿಸುವುದರೊಳಗೆ ಹಾಡಿನ ಮೊದಲಿಗೆ ಮರಳಿರುತ್ತಿದ್ದ.

1926ರ ದೀಪಾವಳಿಗೆ ಬೆಳಗಾವಿಯಲ್ಲಿ ಸಿನಿಮಾ ತಂಬು ಎದ್ದಿತು. ಚಿತ್ರಕ್ಕೆ ಬಾಯಿಲ್ಲ, ಪರದೆಯ ಕೆಳಗೆ ಕುಳಿತು ಯಾರಾದರೂ ಬಾರಿಸಬೇಕು. ಉಂಡ ಮನೆಗೆ ಎರಡು ಬಗೆದು ತವನಪ್ಪ ಅಲ್ಲಿಗೆ ಹೋದ. ಕುದುರೆ ಓಡಿದರೆ ಒಂದು ಧಾಟಿ, ಹೆಣ ಎತ್ತಿದರೆ ಇನ್ನೊಂದು, ಎಲ್ಲ ಅವನೇ ಕಟ್ಟಿದ. ಜನ ಅವನ್ನು ಗುನುಗುತ್ತ ನನ್ನ ಮುಂದೆಯೇ ಓಡಾಡಿದರು. ಹೊಟ್ಟೆಗೆ ಬೆಂಕಿ ಬಿತ್ತು, ಮುಚ್ಚಿಡುವುದೇನು? ನಾನು ತಂದ ಹೊಸ ಪೇಟಿಗಾರನೋ, ನಾನು ಏರಿಗೆಳೆದರೆ ನೀರಿಗೆಳೆಯುವವನು. ನನ್ನ ಆಟಗಳು ಖಾಲಿ ಬಿದ್ದವು.

ಮಾಘದಲ್ಲಿ ಮುಂಬಯಿಯ ಚಿತ್ರ ಕಂಪನಿಯವನೊಬ್ಬ ತವನಪ್ಪನ ಪೇಟಿ ಕೇಳಲು ಬಂದ. ಮೆಚ್ಚಿದರೆ ಅವರ ಚಿತ್ರಗಳಿಗೆಲ್ಲ ಸಂಗೀತ ಕಟ್ಟುವ ಕೆಲಸ. ನಾನು ಹಿಂದಿನ ದಿನವೇ ಚಿತ್ರ ನೋಡಿ ಹೊಂಚು ಹಾಕಿದ್ದೆ. ಪರದೆಯ ಮೇಲೆ ಮದುವೆ ಮುಗಿದು, ಮದುಮಗನ ಕಾಲ ಬಳಿ ಹಾವು ಹರಿಯುತ್ತಿದ್ದಂತೆ ಎದೆ ತುಂಬಿ ಕೂಗಿದೆ: “ವನ್ಸ್ ಮೋರ್!” ತಂಬೆಲ್ಲ ದನಿಗೂಡಿಸಿತು. ತಲೆ ಬಗ್ಗಿಸಿ ಬಾರಿಸುತ್ತಿದ್ದವನ ಬೆರಳುಗಳು ಮದುವೆಯ ಧಾಟಿಗೆ ಮರಳಿದವು. ಚಿತ್ರ ಮರಳಲಿಲ್ಲ. ಮೇಲೆ ಮದುಮಗಳು ಹೆಣದ ಮೇಲೆ ಬಿದ್ದು ಹೊರಳುತ್ತಿದ್ದಳು, ಕೆಳಗೆ ಓಲಗ. ಜನ ಬಿದ್ದು ಬಿದ್ದು ನಕ್ಕರು. ಮುಂಬಯಿಯವನು ಎದ್ದು ಹೋದ.

ತಂಬಿನ ಬಾಗಿಲಲ್ಲಿ ತವನಪ್ಪನನ್ನು ಹಿಡಿದೆ.

“ಸಾಕಾತಿಲ್ಲೋ? ನಡಿ, ಕಂಪನಿಗಿ ಹೋಗೂಣು.”

“ಮಂದಿ ಕೂಗಿದ್ದಕ್ಕ ತಿರಗಲಿಲ್ರೀ ಮಾಲಕರ,” ಎಂದ ತವನಪ್ಪ. “ಮೊದಲ ಕೂಗಿದ್ದು ನಿಮ್ಮ ದನಿ. ನೀವು ಹಾಡಾಕ ನಿಂತೀರಿ ಅಂತ ಕೈ ತಿರಗಿತು.”

“ಹಂಗಾರ ಬಾ.”

“ಇನ್ನ ತಿರಗೂದಿಲ್ರೀ.”

ಖಾನಾಪುರಕ್ಕೆ ಹೋಗಿ ಕಟ್ಟಿಗೆ ಅಡ್ಡೆಯಲ್ಲಿ ಕೆಲಸಕ್ಕೆ ಸೇರಿದ. ಎರಡು ಸಲ ಮಂದಿಯನ್ನು ಕಳಿಸಿದೆ, ಮೂರನೆಯ ಸಲ ನಾನೇ ಹೋದೆ. ಕುಂದರ್ರಿ ಎಂದ, ಚಹಾ ಕೊಟ್ಟ, ಪೇಟಿ ಮುಟ್ಟಲಿಲ್ಲ. ಯುಗಾದಿಗೆ ನನ್ನ ಕಂಪನಿ ಮುರಿಯಿತು. ಅವನಿಲ್ಲದೆ ನಾನು ಹಾಡಲಾರೆನೆಂದು ಆ ಮಗನಿಗೆ ಗೊತ್ತಿತ್ತು. ಸುಮ್ಮನೆ ಕುಳಿತೇ ಸೇಡು ತೀರಿಸಿಕೊಂಡ.